ಕೋಳಿದಿನ್ನೆಯ ದೇವಾಲಯ

ನವಿಲಕೊಳ್ಳದ ಪೇಟೆಯನ್ನು ದಾಟಿ ಹಳೆಯ ದಂಡಿನ ಕಡೆಗೆ ಹೊರಟರೆ ರಸ್ತೆ ಸ್ವಲ್ಪ ಏರುತ್ತದೆ. ಏರಿನ ತುದಿಯಲ್ಲಿ ಕರಿಗಲ್ಲಿನ ಒಂದು ಚರ್ಚು ನಿಂತಿದೆ. ಇಂಗ್ಲಿಷರ ಕಾಲದ ಕಟ್ಟಡ. ಚೂಪು ಕಮಾನಿನ ಕಿಟಕಿಗಳು, ಹೊರಗೋಡೆಗೆ ಆನಿಕೆಯಾಗಿ ನಿಂತ ದಪ್ಪ ಕಂಬಗಳು, ಒಳಗೆ ಹಡಗನ್ನು ಬೋರಲು ಹಾಕಿದಂತೆ ಕಾಣುವ ಸಾಗುವಾನಿಯ ಮಾಡು. ಪೂರ್ವದ ಕಿಟಕಿಯ ಬಣ್ಣದ ಗಾಜು ಬೆಳಗಿನ ಆರಾಧನೆಯ ಹೊತ್ತಿಗೆ ನೆಲದ ಮೇಲೆ ಕೆಂಪು ನೀಲಿ ಚೆಲ್ಲುತ್ತದೆ. ಸರ್ಕಾರಿ ದಾಖಲೆಯಲ್ಲಿ ಇದು ಸಕಲ ಸಂತರ ದೇವಾಲಯ. ಆದರೆ ಆ ಹೆಸರು ಹೇಳಿದರೆ ಟಾಂಗಾದವನಿಗೂ ಆಟೋದವನಿಗೂ ತಿಳಿಯುವುದಿಲ್ಲ. ಊರಿನ ಬಾಯಲ್ಲಿ ಅದು ಕೋಳಿ ದೇವಾಲಯ, ಅದು ನಿಂತ ಏರು ಕೋಳಿದಿನ್ನೆ. ಶಿಖರದ ತುದಿಯಲ್ಲಿ ಶಿಲುಬೆ ಇರಬೇಕಾದ ಜಾಗದಲ್ಲಿ ತಾಮ್ರದ ಹುಂಜವೊಂದಿದೆ. ಗಾಳಿಯ ದಿಕ್ಕು ತೋರಿಸಲು ಇಟ್ಟದ್ದೆಂದು ಹೊರಗಿನವರು ತಿಳಿಯುತ್ತಾರೆ. ಕೇಳಿದರೆ ಸಭೆಯ ಹಿರಿಯರು ಹೌದೆಂದು ತಲೆಯಾಡಿಸಿ ಮಾತು ಬದಲಿಸುತ್ತಾರೆ. ಮತ್ತೆ ಕೇಳಿದವರಿಗೆ ಮಾತ್ರ ನಿಜ ಸಂಗತಿ ಹೇಳುವುದು ವಾಡಿಕೆ.

ಹಿಂದೆ ಒಮ್ಮೆ ಈ ದಿನ್ನೆಯ ಕೆಳಗೆ, ಹಳ್ಳದ ದಂಡೆಯಲ್ಲಿ, ಸುಣ್ಣದ ಗೂಡುಗಳಿದ್ದವು. ಅಲ್ಲಿ ಫಕೀರವ್ವ ಎಂಬ ವಿಧವೆ ಕಲ್ಲು ಸುಟ್ಟು, ಗಾರೆ ಅರೆದು ಬದುಕುತ್ತಿದ್ದಳು. ಗಂಡ ಸತ್ತ ಮೇಲೆ ಅವಳೂ ಮಗನೂ ಕ್ರಿಸ್ತನ ಸಭೆಗೆ ಸೇರಿದ್ದರು. ಮಗನಿಗೆ ಸಮಾಧಾನಪ್ಪ ಎಂದು ಹೆಸರಿಟ್ಟಿದ್ದರು. ಚುರುಕಾದ ಹುಡುಗ. ಮಿಷನ್ನಿನವರು ಅವನನ್ನು ಓದಲು ದೂರದ ಊರಿಗೆ ಕಳಿಸಿದರು. ಅವನು ಅಲ್ಲಿ ಓದುತ್ತಿದ್ದಷ್ಟು ಕಾಲ ಇಲ್ಲಿ ಚರ್ಚಿನ ಗೋಡೆಗಳು ಏಳುತ್ತಿದ್ದವು. ಆ ಗೋಡೆಗಳಿಗೆ ಬೇಕಾದ ಗಾರೆಯನ್ನು ಅರೆದವರಲ್ಲಿ ಅವನ ತಾಯಿಯೂ ಒಬ್ಬಳು. ಸುಣ್ಣದ ಖಾರಕ್ಕೆ ಅವಳ ಅಂಗೈ ಬಿರುಕುಬಿಟ್ಟಿತ್ತು, ಉಗುರುಗಳು ಬೆಳ್ಳಗಾಗಿದ್ದವು. ಎಷ್ಟು ತೊಳೆದರೂ ಹೋಗದ ಬಿಳುಪು ಅದು. ಮಗ ಮರಳಿ ಬಂದಾಗ ಕೋಟು ತೊಟ್ಟಿದ್ದ, ಇಂಗ್ಲಿಷು ಕಲಿತಿದ್ದ. ಆಗತಾನೆ ಬಂದಿದ್ದ ಹೊಸ ಪಾದ್ರಿಗಳು ಅವನ ನಡೆನುಡಿ ನೋಡಿ ಒಳ್ಳೆಯ ಮನೆತನದ ಹುಡುಗನೆಂದು ಬಗೆದರು. ಅವನು ಅಲ್ಲವೆನ್ನಲಿಲ್ಲ. ಪಾದ್ರಿಗಳ ಬಂಗಲೆಯ ಪಕ್ಕದ ಕೋಣೆಯಲ್ಲೇ ಉಳಿದುಕೊಂಡ. ತಾಯಿಯನ್ನು ನೋಡಲು ಹೋಗುತ್ತಿದ್ದ, ಆದರೆ ಹಳ್ಳದ ಹಿಂದಿನ ಕಾಲುದಾರಿಯಲ್ಲಿ.

ದೇವಾಲಯದ ಪ್ರತಿಷ್ಠೆಗೆ ಬಿಷಪ್ಪರು ಬಂದರು. ಶಿಖರದ ತುದಿಯೊಂದು ಬಿಟ್ಟು ಕಟ್ಟಡವೆಲ್ಲ ಮುಗಿದಿತ್ತು. ಅಂದೇ ಸಮಾಧಾನಪ್ಪನನ್ನು ಸಭೆಗೆ ವೇದ ಓದಿ ಹೇಳುವ ಉಪದೇಶಿಯನ್ನಾಗಿ ನೇಮಿಸುವುದೆಂದು ನಿಶ್ಚಯವಾಗಿತ್ತು. ಬಿಳಿ ನಿಲುವಂಗಿ ತೊಟ್ಟು ಅವನು ಪಾದ್ರಿಗಳ ಜೊತೆ ಬಾಗಿಲಲ್ಲಿ ನಿಂತು ಬಂದವರನ್ನು ಒಳಗೆ ಕರೆಯುತ್ತಿದ್ದ. ಸಾಹೇಬರು, ಅವರ ಹೆಂಗಸರು, ಊರಿನ ಸಭೆಯವರು ಎಲ್ಲರೂ ನೆರೆದಿದ್ದರು. ಆಗ ಒಗೆದ ಇಳಕಲ್ಲ ಸೀರೆಯುಟ್ಟು ಫಕೀರವ್ವ ಮೆಟ್ಟಿಲೇರಿ ಬಂದಳು. ನಿಲುವಂಗಿಯಲ್ಲಿ ಮಗನನ್ನು ಕಂಡು ಅವಳಿಗೆ ತಡೆಯಲಾಗಲಿಲ್ಲ. "ತಮ್ಮಾ," ಎಂದು ಆ ಬಿಳಿಚಿದ ಕೈಯನ್ನು ಅವನ ಕೆನ್ನೆಯತ್ತ ಚಾಚಿದಳು. ಅವನು ಹಿಂದೆ ಸರಿದ.

"ಈ ಅಮ್ಮ ಯಾರು?" ಎಂದು ಪಾದ್ರಿಗಳು ಕೇಳಿದರು.

"ಗಾರೆ ಅರೆಯಲು ಬರುತ್ತಿದ್ದ ಹೆಂಗಸು," ಎಂದ ಸಮಾಧಾನಪ್ಪ.

"ನಿಮಗೆ ಪರಿಚಯವೇ?"

"ಇಲ್ಲ."

ಸಭೆಯವರು ಸುತ್ತಲೂ ನಿಂತಿದ್ದರು. ಅವಳು ಅವನ ತಾಯಿಯೆಂಬುದು ಅವರಲ್ಲಿ ಗೊತ್ತಿಲ್ಲದವರು ಯಾರೂ ಇರಲಿಲ್ಲ. ಒಬ್ಬರೂ ಬಾಯಿ ಬಿಡಲಿಲ್ಲ. ಸಾಹೇಬರ ಮುಂದೆ ಸಭೆಯ ಮಾನ ಹೋದೀತೆಂಬ ಅಂಜಿಕೆ ಕೆಲವರಿಗೆ. ಇದು ನಮಗೇಕೆ ಎಂಬ ಉದಾಸೀನ ಉಳಿದವರಿಗೆ. ಮಾತಾಡಿದವಳು ಫಕೀರವ್ವನೇ. "ಹೌದ್ರೀ ಯಪ್ಪಾ, ನಾ ಕೂಲಿಯಾಕಿ. ಹೊಸ್ತಿಲದಾಗ ಗಾರಿ ಉದುರಿತ್ತೇನೋ, ಬಳದು ಹೋಗೂಣಂತ ಬಂದ್ನಿ," ಎಂದಳು. ಅಲ್ಲಿ ಗಾರೆಯೇನೂ ಉದುರಿರಲಿಲ್ಲ. ಆದರೂ ಅವಳು ಕುಳಿತು, ಆ ಒಗೆದ ಸೀರೆಯ ಸೆರಗಿನಿಂದ ಹೊಸ್ತಿಲನ್ನು ಈ ತುದಿಯಿಂದ ಆ ತುದಿಯವರೆಗೆ ಒರೆಸಿದಳು. ಎದ್ದು, ಮಗನ ಮುಖ ನೋಡದೆ, ಮೆಟ್ಟಿಲಿಳಿದು ಹೋದಳು. ಮಗನ ಸುಳ್ಳು ಬಯಲಾಗದಂತೆ ಅವಳೇ ಅದನ್ನು ಮುಚ್ಚಿಕೊಟ್ಟಿದ್ದಳು. ಗಂಟೆ ಮೊಳಗಿತು, ಎಲ್ಲರೂ ಒಳಗೆ ಹೋಗಿ ಕೀರ್ತನೆ ಹಾಡಿದರು. ಸಮಾಧಾನಪ್ಪ ಉಪದೇಶಿಯಾದ.

ಆಮೇಲೆ ಅವನು ಹಳ್ಳದ ಕಡೆ ಹೋಗಲಿಲ್ಲ. ಹೋಗಲು ಮುಖವಿರಲಿಲ್ಲ. ಹೊಸ್ತಿಲು ದಾಟುವಾಗಲೆಲ್ಲ ಅವನು ಅದಕ್ಕೆ ತಾಗದಂತೆ ಕಾಲನ್ನು ಎತ್ತರಕ್ಕೆ ಎತ್ತಿ ಇಡುತ್ತಿದ್ದನೆಂದೂ, ಅದನ್ನು ಕಂಡ ಸಭೆಯವರು ನೋಡದವರಂತೆ ಇರುತ್ತಿದ್ದರೆಂದೂ ಹೇಳುತ್ತಾರೆ. ಹೀಗೇ ಶುಭ ಶುಕ್ರವಾರ ಬಂತು. ಗುರು ಕ್ರಿಸ್ತ ಸೆರೆಯಾದಾಗ ಶಿಷ್ಯನೊಬ್ಬ ಹೆದರಿ, ಅವನನ್ನು ನಾನು ಕಂಡೇ ಇಲ್ಲವೆಂದು ಹೇಳಿ, ಒಡನೆ ಕೋಳಿ ಕೂಗಿದ್ದು ಕೇಳಿ, ಹೀಗಾಗುವುದೆಂದು ಗುರು ಮೊದಲೇ ಹೇಳಿದ್ದು ನೆನಪಾಗಿ ಅತ್ತ ಪ್ರಸಂಗವನ್ನು ಅಂದು ಓದಬೇಕಿತ್ತು. ಕೋಳಿ ಕೂಗುವಲ್ಲಿಗೆ ಬಂದು ಸಮಾಧಾನಪ್ಪನ ದನಿ ನಿಂತಿತು. ಅವನು ವೇದಪುಸ್ತಕವನ್ನು ಮುಚ್ಚಿದ. ಕಲಿತ ಮಾತೆಲ್ಲ ಬಿಟ್ಟು ಮನೆಯ ಮಾತಿನಲ್ಲಿ, "ಅಂವಾ ಕೋಳಿ ಕೂಗಿದ ಕೂಡಲೇ ಅತ್ತ. ನಾ ಇನ್ನೂ ಅತ್ತಿಲ್ಲ. ಅವತ್ತು ಬಾಗಲದಾಗ ನಿಂತಾಕಿ ನನ್ನ ಹಡದವ್ವ," ಎಂದ.

ಪಾದ್ರಿಗಳು ಬೆರಗಾಗಿ ಸಭೆಯತ್ತ ತಿರುಗಿದರು. ಮುಂದಿನ ಬೆಂಚಿನಲ್ಲಿದ್ದ ಹಿರಿಯ, ಬಡಿಗತನದ ಯೋನಪ್ಪ, ಎದ್ದು, "ನಮಗೂ ಗೊತ್ತಿತ್ತರೀ. ಇಂವಾ ಒಬ್ಬಾಂವ ಬಾಯಿ ಬಿಟ್ಟು ಇಲ್ಲ ಅಂದ. ನಾವು ಎಲ್ಲಾರೂ ಬಾಯಿ ಮುಚ್ಚಿ ಇಲ್ಲ ಅಂದಿವಿ," ಎಂದ.

ಆರಾಧನೆ ಅಲ್ಲಿಗೇ ನಿಂತಿತು. ಎಲ್ಲರೂ ಬಿಸಿಲಲ್ಲಿ ದಿನ್ನೆ ಇಳಿದು ಹಳ್ಳಕ್ಕೆ ಹೋದರು. ಫಕೀರವ್ವ ಗೂಡಿಗೆ ಕಟ್ಟಿಗೆ ಒಟ್ಟುತ್ತಿದ್ದಳು. ಮಗ ಕಾಲಿಗೆ ಬಿದ್ದು ಅತ್ತ. ಅವಳು ಅವನ ತಲೆಯ ಮೇಲೆ ಕೈಯಿಟ್ಟಳು. ಗುಂಪಿನತ್ತ ನೋಡಿ, "ಅವತ್ತೂ ಹಿಂಗ ನಿಂತಿದ್ರಿ, ಇವತ್ತೂ ನಿಂತೀರಿ. ಕೂಡ್ರಿ, ನೀರ ಕುಡೀರಿ," ಎಂದಳು. ಅವರು ಕೂತರು, ನೀರು ಕುಡಿದರು. ದೇವಾಲಯಕ್ಕೆ ಬಾ ಎಂದು ಪಾದ್ರಿಗಳೇ ಕೈಮುಗಿದು ಕರೆದರು. ಅವಳು ಮಗನತ್ತ ತಿರುಗಿ ಉತ್ತರ ಕೊಟ್ಟಳು: "ನಿನ್ನ ಮ್ಯಾಲ ಸಿಟ್ಟಿಲ್ಲೋ ತಮ್ಮಾ. ಆದರ ಆ ಬಾಗಲಾ ನೆನಿಸಿದರ ನನಗ ನಾಚಿಕಿ ಬರತೈತಿ. ಕಾಲ ಏಳೂದಿಲ್ಲ." ತಪ್ಪು ಮಾಡಿದವರು ಅವರು, ನಾಚಿಕೆ ಮಾತ್ರ ಅವಳಿಗೂ ಅಂಟಿತ್ತು. ಅದನ್ನು ತೊಳೆಯುವುದು ಯಾರಿಂದಲೂ ಆಗಲಿಲ್ಲ.

ಸಮಾಧಾನಪ್ಪ ನಿಲುವಂಗಿಯನ್ನು ಪಾದ್ರಿಗಳಿಗೆ ಒಪ್ಪಿಸಿ ಗೂಡಿಗೆ ಬಂದು ತಾಯಿಯ ಜೊತೆ ಕಲ್ಲು ಸುಟ್ಟ. ಅವಳು ಬದುಕಿರುವವರೆಗೂ ಪಾದ್ರಿಗಳು ದೇವಾಲಯದಲ್ಲಿ ಹಂಚುವ ಕರ್ತನ ಭೋಜನದ ರೊಟ್ಟಿಯನ್ನೂ ಬಟ್ಟಲನ್ನೂ ಹಳ್ಳಕ್ಕೇ ತಂದು ಕೊಡುತ್ತಿದ್ದರು. ಅವಳು ಸತ್ತಾಗ, ಅವಳ ಇಚ್ಛೆಯಂತೆ, ಗೂಡಿನ ಬಳಿಯೇ ಹೂಳಿದರು. ಮುಂದೊಂದು ಮಳೆಗಾಲದಲ್ಲಿ ಹಳ್ಳ ಆ ದಂಡೆಯನ್ನು ಅವಳ ಗೋರಿಯ ಸಮೇತ ಕೊಚ್ಚಿಕೊಂಡು ಹೋಯಿತು. ಶಿಖರದ ತುದಿಗೆ ಏನಿಡಬೇಕೆಂಬ ಮಾತು ಬಂದಾಗ ಸಭೆಯವರು ಶಿಲುಬೆ ಬೇಡವೆಂದರು. ಕಂಚುಗಾರರಿಂದ ಹುಂಜವನ್ನು ಮಾಡಿಸಿ ಏರಿಸಿದರು. ಗಾಳಿಗೆ ತಿರುಗದಂತೆ ಅದಕ್ಕೆ ಸೀಸ ಹೊಯ್ಯಿಸಿದವರೂ ಅವರೇ ಎನ್ನುತ್ತಾರೆ.

ಇಂದು ದೇವಾಲಯ ನೋಡಲು ಬಂದವರು ದಕ್ಷಿಣದ ಅಂಗಳದ ಬೇವಿನ ನೆರಳಲ್ಲಿ ಸಾಲು ಗೋರಿಗಳನ್ನು ಕಾಣುತ್ತಾರೆ. ದಂಡಿನ ಅಧಿಕಾರಿಗಳ ಅಮೃತಶಿಲೆಯ ಗೋರಿಗಳ ಮೇಲೆ ಹೆಸರು, ಪದವಿ, ಕಾದಿದ ಯುದ್ಧಗಳು ಉದ್ದಕ್ಕೆ ಕೊರೆಯಲಾಗಿದೆ. ಅವುಗಳ ಕೊನೆಗೆ ನೆಲಮಟ್ಟದ ಒಂದು ಕರಿಗಲ್ಲಿದೆ. ಅದರ ಮೇಲೆ, ಅಡಿಯಲ್ಲಿ ಮಲಗಿದವನ ಹೆಸರಿಲ್ಲ, ಹುಟ್ಟಿದ ಸತ್ತ ವರ್ಷಗಳಿಲ್ಲ, ಅವನು ಉಪದೇಶಿಯಾಗಿದ್ದನೆಂಬ ಮಾತೂ ಇಲ್ಲ. ಅವನೇ ಸಾಯುವ ಮೊದಲು ಕೊರೆದಿಟ್ಟದ್ದು ಇಷ್ಟೇ: ಫಕೀರವ್ವನ ಮಗ.