ಮಂಚಿ ಬೇಯಿಸಿದ ಎಡೆ

ಕಾಲು ಆಡಿಸ್ಬೇಡ, ಕಂಬಳಿ ಸರಿಯಾಗಿ ಹೊದ್ಕೊ, ಹೇಳ್ತೀನಿ. ಒಂದಾನೊಂದು ಕಾಲದಲ್ಲಿ, ಅಂದ್ರೆ ಸತ್ತೋರಿಗೂ ಹಸಿವಾಗ್ತಿದ್ದ ಕಾಲದಲ್ಲಿ, ಹೊನ್ನಾಜಮ್ಮ ಅಂತ ಒಬ್ಬಳು ಮುದುಕಿ ಇದ್ಳಂತೆ. ಅವಳಿಗೆ ಮೂರು ಜನ ಗಂಡುಮಕ್ಕಳಂತೆ, ದೊಡ್ಡೋನು ಜವರ, ನಡುವಿನೋನು ಕಾಳ, ಕಿರಿಯೋನು ಸಿದ್ದ. ದೊಡ್ಡೋರಿಬ್ಬರ ಮದುವೆ ಮಾಡಿದ್ಳು, ಸಿದ್ದನ ಮದುವೆ ನೋಡೋಕೆ ಮುಂಚೆನೇ ಕಣ್ಣು ಮುಚ್ಕೊಂಡ್ಳಂತೆ. ಸಾವಾದ ಮನೇಲಿ ವರ್ಷ ತುಂಬೋದ್ರೊಳಗೆ ಒಂದು ಶುಭಕಾರ್ಯ ಆಗ್ಬೇಕು ಅಂತ ಹಿರೀಕರು ಹೇಳಿದ್ರಂತೆ. ಆಮೇಲೆ ಏಳು ಹಳ್ಳ ದಾಟಿ ಹೋಗಿ ಸಿದ್ದನಿಗೆ ಒಂದು ಹೆಣ್ಣು ತಂದ್ರಂತೆ, ಅವಳ ಹೆಸರು ಮಂಚಿ.

ಮಂಚಿ ಒಳ್ಳೇಳೇ ಕಣವ್ವ, ಆದ್ರೆ ನಿಧಾನ ಅಂದ್ರೆ ನಿಧಾನ. ಬೆಳಿಗ್ಗೆ ಬಾಗಿಲಿಗೆ ರಂಗೋಲಿ ಬಿಡೋಕೆ ಕೂತ್ರೆ ಬಿಸಿಲು ಬಂದು ಬೆನ್ನು ಸುಡೋ ತನಕ ಏಳ್ತಿರ್ಲಿಲ್ವಂತೆ. ಇವಳು ಮಜ್ಜಿಗೆ ಕಡೆದು ಬೆಣ್ಣೆ ತೆಗೆಯೋ ಹೊತ್ತಿಗೆ ಹಸು ಇನ್ನೊಂದು ಕರು ಹಾಕಿರ್ತದೆ ಅಂತ ದೊಡ್ಡ ಸೊಸೆ ಲಕ್ಕಮ್ಮ ಬಾವಿಕಟ್ಟೆ ಮೇಲೆ ಆಡ್ಕೊಂಡು ನಗೋಳಂತೆ. ಮಂಚಿ ಅದನ್ನ ಕೇಳಿಸ್ಕೊಂಡು, ಅರ್ಥ ಮಾಡ್ಕೊಂಡು, ಆಮೇಲೆ ತಾನೂ ನಗೋಳಂತೆ, ಅಷ್ಟರಲ್ಲಿ ಮಿಕ್ಕೋರೆಲ್ಲ ಕೊಡ ಹೊತ್ಕೊಂಡು ಮನೆಗೆ ಹೋಗಿರೋರು.

ಮಾರ್ಲಾಮಿ ಹಬ್ಬ ಗೊತ್ತಲ್ಲ, ಸತ್ತ ಹಿರೀಕರಿಗೆ ಎಲೆ ಹಾಕಿ ಎಡೆ ಇಕ್ಕೋ ಹಬ್ಬ. ಬದುಕಿದ್ದಾಗ ಅವರಿಗೆ ಏನು ಇಷ್ಟವೋ ಅದನ್ನೇ ಬೇಯಿಸಿ ಬಡಿಸಿ, ದೀಪ ಹಚ್ಚಿ, ನೆಲಕ್ಕೆಲ್ಲ ಒಲೆ ಬೂದಿ ಜರಡಿ ಹಿಡಿದು, ಬಾಗಿಲು ಹಾಕ್ಕೊಂಡು ಎಲ್ರೂ ಜಗಲಿ ಮೇಲೆ ಕೂತಿರ್ಬೇಕು. ಹಿರೀಕರು ಬಂದು ಉಂಡು ಹೋಗೋರಂತೆ. ಬಾಗಿಲು ತೆಗೆದ್ರೆ ಎಲೆ ಬರಿದಾಗಿರೋದು, ಬೂದಿ ಮೇಲೆ ಬಂದ ಹೆಜ್ಜೆ, ಹೋದ ಹೆಜ್ಜೆ ಮೂಡಿರೋದು. ಹೊನ್ನಾಜಮ್ಮನಿಗೆ ಹಂದಿ ಬಾಡು ಅಂದ್ರೆ ಪ್ರಾಣ. ಪ್ರಾಯದಲ್ಲಿ ಮೂಳೆನೂ ಬಿಡ್ದೆ ಕಟುಂ ಅಂತ ಕಡೀತಿದ್ಳಂತೆ. ಊರ ಗಂಡಸರು ಹಬ್ಬದ ಬೇಟೇಲಿ ಹಂದಿ ಹೊಡೆದಾಗ ಹಿಂದಿನ ತೊಡೆ ಆ ಮನೆಯ ಪಾಲು.

ಮೊದಲ ವರ್ಷ ಲಕ್ಕಮ್ಮ ಬೇಯಿಸಿದ್ಳಂತೆ. ಅತ್ತೆಗೆ ಗರಿಗರಿ ಇಷ್ಟ ಅಂತ ಮೆಣಸು ಅರೆದು ಹಾಕಿ, ದೊಡ್ಡ ಉರಿ ಮಾಡಿ, ಬಾಡು ಕಪ್ಪಾಗೋ ತನಕ ಹುರಿದಿಟ್ಳಂತೆ. ಬಾಗಿಲು ತೆಗೆದು ನೋಡಿದ್ರೆ ಎಡೆ ಇಟ್ಟ ಹಂಗೇ ಇತ್ತಂತೆ. ಹೆಜ್ಜೆ ಎಲೆ ತನಕ ಬಂದು, ಅಲ್ಲೇ ಒಂದು ಗಳಿಗೆ ನಿಂತು, ಹಿಂದಕ್ಕೆ ತಿರುಗಿ ಹೋಗಿತ್ತಂತೆ. ಆ ವರ್ಷ ರಾಗಿ ಅರ್ಧಕ್ಕರ್ಧ ಜೊಳ್ಳು ಬಂತಂತೆ. ಎರಡನೇ ವರ್ಷ ನಡುವಿನ ಸೊಸೆ ಸಾಕಮ್ಮ, ಅಕ್ಕನಿಗೆ ಬರ್ದೇ ಇದ್ದದ್ದು ನಂಗೆ ಬರ್ತದೆ ಅಂತ ಸೆರಗು ಬಿಗಿದು, ಕಣ್ಣಲ್ಲಿ ನೀರು ಬರೋ ಖಾರದ ಸಾರು ಮಾಡಿದ್ಳಂತೆ. ಅದಕ್ಕೂ ಹಂಗೇ ಆಯ್ತಂತೆ. ಈ ಸಲ ಹೆಜ್ಜೆ ಎಲೆ ಮುಂದೆ ಜಾಸ್ತಿ ಹೊತ್ತು ನಿಂತಿತ್ತು, ಬೂದಿ ಕಲಸಿ ಹೋಗಿತ್ತು, ಆದ್ರೂ ಒಂದು ಅಗುಳೂ ಮುಟ್ಟಿರ್ಲಿಲ್ವಂತೆ. ಆ ವರ್ಷ ಕರೆಯೋ ಎಮ್ಮೆ ಸತ್ತುಹೋಯ್ತಂತೆ.

ಮೂರು ಸಲ ಹಸಿದು ತಿರುಗಿ ಹೋದ ಹಿರೀಕರು ಆ ಮನೆ ದಾರೀನೇ ಮರೆತುಬಿಡ್ತಾರೆ, ಮನೆ ದಿಕ್ಕುಗೆಡ್ತದೆ ಅಂತ ಊರಲ್ಲಿ ಮಾತು. ಆಮೇಲೆ ಜವರ, ಕಾಳ ಕೂತು ಯೋಚ್ನೆ ಮಾಡಿದ್ರಂತೆ. ಅವ್ವ ಸತ್ತ ಮೇಲೆ ಈ ಮನೆಗೆ ಹೊಸದಾಗಿ ಬಂದದ್ದು ಏನು? ಮಂಚಿ. ಅವಳ ಕಾಲ್ಗುಣ ಸರಿಯಿಲ್ಲ, ಹೊಸ್ತಿಲಲ್ಲಿ ಅವಳ ಹೆಜ್ಜೆ ನೋಡಿ ಅವ್ವ ಒಳಗೆ ಕೂರೋಕೆ ಒಪ್ತಿಲ್ಲ ಅಂತ ತೀರ್ಮಾನ ಮಾಡ್ಬಿಟ್ರಂತೆ. ಈ ಸಲ ಎಡೆ ಇವಳೇ ಬೇಯಿಸ್ಲಿ, ಅವ್ವ ತಿರುಗಿ ಹೋದ್ರೆ ಮಾರನೇ ದಿನ ಇವಳನ್ನ ತವರಿಗೆ ಅಟ್ಟೋದು ಅಂದ್ರಂತೆ. ಸಿದ್ದ ಏನಂದ? ಆ ಬೆಪ್ಪು ನೆಲ ನೋಡ್ತಾ ನಿಂತಿದ್ನಂತೆ. ಮಂಚಿಗೋ ತವರಲ್ಲಿ ಯಾರಿದ್ರು, ಮಲತಾಯಿ ಒಬ್ಬಳು. ಇಲ್ಲಿ ಬೈಗುಳವೇ ತಿಂದ್ರೂ ಅವಳಿಗೆ ಈ ಮನೆ, ಆ ಬೆಪ್ಪು ಸಿದ್ದ, ಎರಡೂ ಇಷ್ಟವಾಗ್ಬಿಟ್ಟಿದ್ವು. ಹಟ್ಟಿ ಹಿಂದೆ ಹೋಗಿ ಕರುವಿನ ಕುತ್ತಿಗೆ ತಬ್ಬಿಕೊಂಡು ಅತ್ತಳಂತೆ.

ಹಬ್ಬಕ್ಕೆ ಮೂರು ದಿನ ಇರೋವಾಗ ಮನೆ ಸಾರಿಸೋಕೆ ಅಂತ ಅಟ್ಟ ಹತ್ತಿದಳು. ಮಿಕ್ಕೋರಾಗಿದ್ರೆ ಧೂಳು ಹೊಡೆದು ಇಳೀತಿದ್ರು, ಇವಳು ಒಂದೊಂದೇ ಸಾಮಾನು ಎತ್ತಿ, ಒರೆಸಿ, ನೋಡಿ ಇಡೋಳು. ಹಂಗೆ ನೋಡ್ತಾ ಇರೋವಾಗ ಒಂದು ಸಣ್ಣ ಕುಟ್ಟಾಣಿ ಸಿಕ್ತಂತೆ. ಎಲೆ ಅಡಿಕೆ ಹಾಕಿ ಕುಟ್ಟೋದು, ನನ್ನ ಹತ್ರ ಇದೆಯಲ್ಲ, ಅದೇ. ಒಳಗೆಲ್ಲ ಸುಣ್ಣ, ಅಡಿಕೆ ಕೆಂಪು ಒಣಗಿ ಹತ್ತಿತ್ತು. ಮಂಚಿ ಅದನ್ನ ಕೈಯಲ್ಲಿ ಹಿಡ್ಕೊಂಡು ಅರ್ಧ ದಿನ ಅಟ್ಟದ ಮೇಲೆ ಕೂತಿದ್ಳಂತೆ. ಆಮೇಲೆ ಇಳಿದು ಬಂದು ಸಿದ್ದನ್ನ ಕೇಳಿದ್ಳು, ನಿಮ್ಮವ್ವ ಕಡೇ ಕಾಲದಲ್ಲಿ ಬಾಡೂಟ ಹೆಂಗೆ ಉಣ್ತಿದ್ರು ಅಂತ. ಉಣ್ತಾನೇ ಇರ್ಲಿಲ್ಲ, ಅವ್ವ ವಯಸ್ಸಾದ ಮೇಲೆ ಬಾಯಿಚಪಲ ಬಿಟ್ಬಿಟ್ಟಿದ್ಲು, ಬಾಡು ಬೇಯಿಸಿದ ದಿನ ನಂಗೆ ಹಸಿವಿಲ್ಲ ಕಣ್ರಪ್ಪ ಅಂತ ಜಗಲಿಗೆ ಎದ್ದು ಹೋಗಿ ರಾಗಿ ಗಂಜಿ ಕುಡಿಯೋಳು ಅಂದನಂತೆ. ಎಷ್ಟು ವರ್ಷ ಅಂದ್ರೆ, ಒಂದು ನಾಲ್ಕು ವರ್ಷ ಇರ್ಬೇಕು ಅಂದ. ಮಂಚಿ ಆ ಕುಟ್ಟಾಣಿ ಅವನ ಕೈಗೆ ಇಟ್ಳಂತೆ. ಸಿದ್ದ ನೋಡ್ದ, ನೋಡ್ದ, ಆಮೇಲೆ ಅಲ್ಲೇ ಕುಕ್ಕರಿಸಿ ಮಗು ಹಂಗೆ ಬಿಕ್ಕಿ ಬಿಕ್ಕಿ ಅತ್ನಂತೆ. ದಿನಾ ಆ ಕುಟ್ಟೋ ಸದ್ದು ಕೇಳ್ಕೊಂಡೇ ಎದ್ದೋರು ಮೂರು ಜನ ಮಕ್ಕಳು, ಒಬ್ಬನಿಗಾದ್ರೂ ತಿಳೀಲಿಲ್ವಲ್ಲ.

ಹಬ್ಬದ ದಿನ ಕೋಳಿ ಕೂಗೋ ಹೊತ್ತಿಗೆ ಮಂಚಿ ತಲೆಗೆ ನೀರು ಹಾಕ್ಕೊಂಡು ಒಲೆ ಮುಂದೆ ಕೂತ್ಳಂತೆ. ಎಡೆ ಬೇಯಿಸೋರು ಅವತ್ತು ಏನೂ ತಿನ್ನೋ ಹಂಗಿಲ್ಲ, ಉಪ್ಪು ನೋಡೋಕೂ ನಾಲಿಗೆಗೆ ತಾಗಿಸೋ ಹಂಗಿಲ್ಲ. ತೊಡೇನ ತುಂಡು ಮಾಡ್ದೆ ಇಡಿಯಾಗೇ ಇಟ್ಕೊಂಡು, ಅರಿಶಿನ, ಉಪ್ಪು, ಹುಣಸೆ ಹುಳಿ ಹಚ್ಚಿ ತಿಕ್ಕಿದಳು. ಅಗಲವಾದ ಮಣ್ಣಿನ ಮಡಕೇಲಿ ಅದರ ಕೊಬ್ಬಲ್ಲೇ ಅದನ್ನ ಎಲ್ಲಾ ಕಡೆ ಕೆಂಪಗೆ ಮಾಡಿದಳು. ಈರುಳ್ಳಿ, ಬೆಳ್ಳುಳ್ಳಿ, ಶುಂಠಿ, ಕೊತ್ತಂಬರಿ ಬೀಜ, ಒಂದು ಹಿಡಿ ಮೆಣಸು, ತೊಡೆ ಅರ್ಧ ಮುಳುಗೋ ಅಷ್ಟು ನೀರು. ಮುಚ್ಚಳ ಇಟ್ಟು ಸುತ್ತಾ ರಾಗಿ ಹಿಟ್ಟು ಮೆತ್ತಿ ಬಾಯಿ ಕಟ್ಟಿದಳಂತೆ. ಆಮೇಲೆ ಉರಿಯೋ ಸೌದೆ ಎಲ್ಲಾ ಹೊರಗೆ ಎಳೆದು, ಹುಣಸೆ ಕೊರಡಿನ ಕೆಂಡ ಮಾತ್ರ ಒಳಗೆ ಬಿಟ್ಟು, ಮುಚ್ಚಳದ ಮೇಲೂ ನಾಲ್ಕು ಕೆಂಡ ಇಟ್ಟು ಸುಮ್ನೆ ಕೂತ್ಳಂತೆ.

ಮಡಕೆ ಒಳಗೆ ಗೊಳ್... ಅಂತ ಒಂದು ಸದ್ದು. ಆಮೇಲೆ ಎಷ್ಟೋ ಹೊತ್ತು ಏನೂ ಇಲ್ಲ. ಮತ್ತೆ ಗೊಳ್... ಅಂತ ಇನ್ನೊಂದು. ಹೊರಗೆ ಬಿಸಿಲು ಅಂಗಳದಲ್ಲಿ ಜರುಗ್ತಾ ಜರುಗ್ತಾ ಹೋಗ್ತಿತ್ತಂತೆ. ಮಧ್ಯಾಹ್ನದ ಹೊತ್ತಿಗೆ ಆ ಹಿಟ್ಟಿನ ಸಂದಿಯಿಂದ ಘಮ ಎಳೆ ಎಳೆಯಾಗಿ ಬಿಟ್ಕೊಂಡು ಮನೆಯೆಲ್ಲ ತುಂಬ್ತು, ಆಮೇಲೆ ಬೀದಿಗೆ ಹೋಯ್ತು. ಬೀದೀಲಿ ಜಗಳ ಆಡ್ತಿದ್ದೋರು ಯಾಕೆ ಜಗಳ ಆಡ್ತಿದ್ವಿ ಅಂತ ಮರೆತು ಕೂತ್ರಂತೆ, ನಾಯಿಗಳು ಬಂದು ಬಾಗಿಲಲ್ಲಿ ಮೂತಿ ಮುಂಗಾಲ ಮೇಲಿಟ್ಟು ಮಲಗಿದ್ವಂತೆ. ಮಂಚಿಗೂ ಕಣ್ಣು ಎಳೀತಿತ್ತು, ಆದ್ರೂ ಕೆಂಡ ಬೂದಿ ಕಟ್ಟಿದಾಗೆಲ್ಲ ಊದಿ ಊದಿ ಎಚ್ಚರ ಇರೋಳು.

ಮೊದಲು ಲಕ್ಕಮ್ಮ ಬಂದ್ಳಂತೆ. ಇದೇನೇ, ಒಲೆ ಹಚ್ಚಿದೀಯೋ ಇಲ್ಲ ಚಳಿ ಕಾಯಿಸ್ತಾ ಇದೀಯೋ ಅಂತ ನಾಲ್ಕು ಸೌದೆ ತುರುಕೋಕೆ ಹೋದ್ಳು. ಮಂಚಿ ಅಕ್ಕಾ ಬೇಡ ಅಂತ ಕೈ ಹಿಡಿದ್ಳಂತೆ. ಆಮೇಲೆ ಸಾಕಮ್ಮ ಬಂದ್ಳು. ಬೆಂದಿದೆಯೋ ಇಲ್ವೋ ಒಂಚೂರು ನೋಡ್ತೀನಿ ಅಂತ ಮುಚ್ಚಳಕ್ಕೆ ಕೈ ಹಾಕಿದ್ರೆ, ಹಬೆ ಹೋದ್ರೆ ಹೋಯ್ತು ಅಕ್ಕಾ ಅಂತ ಮಂಚಿ ಮಡಕೆಗೆ ಅಡ್ಡ ಕೂತ್ಳಂತೆ. ಆಮೇಲೆ ಹೊತ್ತು ಇಳೀತಾ ಬಂತು. ನೆಂಟರೆಲ್ಲ ಜಗಲಿ ಮೇಲೆ ಕೂತು ಹೊಟ್ಟೆ ಸವರ್ಕೊಳ್ತಾ ಇದ್ರು. ಜವರ ದುಮುಗುಡ್ತಾ ಒಳಗೆ ಬಂದು, ದೀಪ ಹಚ್ಚೋ ಹೊತ್ತಾಯ್ತು, ಬೆಂದಷ್ಟು ಬೆಂತು, ಬಡಿಸು ಅಂತ ಗದರಿದ್ನಂತೆ. ಮಂಚಿ ಆವತ್ತಿನ ತನಕ ಭಾವನ ಮುಂದೆ ತಲೆ ಎತ್ತಿದೋಳಲ್ಲ. ಈಗ ತಲೆ ಎತ್ತಿ ಹೇಳಿದ್ಳು:

“ಅತ್ತೆಗೆ ಹಲ್ಲಿಲ್ಲ, ಭಾವ.”

ಜವರ ಮೆಲ್ಲಗೆ ಹೊರಗೆ ಹೋಗಿ ನೆಂಟರಿಗೆ, ಇನ್ನೂ ಸ್ವಲ್ಪ ಹೊತ್ತು ಇದೆ, ಕೂತ್ಕೊಳ್ಳಿ ಅಂದನಂತೆ.

ಹಿಟ್ಟು ಒಡೆದು ಮುಚ್ಚಳ ತೆಗೆದ್ರೆ ಮೂಳೆ ತಾನಾಗೇ ಬಾಡಿನಿಂದ ಜಾರಿ ಬಂತಂತೆ. ಮಂಚಿ ಮಡಕೆ ಒಲೆಯಿಂದ ಇಳಿಸಿದ್ಳು. ಗಸಗಸೆ ನೆನೆಸಿ ನುಣ್ಣಗೆ ಅರೆದಿದ್ಳು, ಎರಡು ತೆಂಗಿನಕಾಯಿ ತುರಿದು ಹಿಂಡಿ ಮೊದಲನೇ ಗಟ್ಟಿ ಹಾಲು ತೆಗೆದಿಟ್ಟಿದ್ಳು. ಅದನ್ನ ಒಂದೇ ಕಡೆಗೆ ತಿರುವ್ತಾ ತಿರುವ್ತಾ ಬಿಟ್ಳಂತೆ. ಒಲೆ ಮೇಲೆ ಬಿಟ್ರೆ ಹಾಲು ಒಡೆದುಹೋಗ್ತದೆ, ಕೆಳಗೆ ಇಳಿಸಿ ಬಿಟ್ರೆ ಸಾರು ಕೆನೆ ಕಟ್ಟಿ ಬೆಳ್ಳಗೆ ದಪ್ಪಗೆ ಆಗ್ತದೆ. ಹಂಗೇ ಆಯ್ತಂತೆ. ಬಿಸಿ ಮುದ್ದೆ ಪಕ್ಕದಲ್ಲಿ ಬಾಡು ಬಡಿಸಿ, ಮೇಲೆ ಆ ಕೆನೆ ಸಾರು ಹುಯ್ದು, ದೀಪ ಹಚ್ಚಿ, ಒಲೆ ಪಕ್ಕದ ವಾಡೆಗೆ, ಕಾಳು ತುಂಬೋ ಆ ದೊಡ್ಡ ಗುಡಾಣಕ್ಕೆ, ಬೆನ್ನು ಕೊಟ್ಟು ಒಂದು ಗಳಿಗೆ ಕೂತ್ಕೊಳ್ಳೋಣ ಅಂತ ಕೂತ್ಳಂತೆ, ಅಷ್ಟೇ. ಕೋಳಿ ಕೂಗಿದಾಗಿಂದ ಖಾಲಿ ಹೊಟ್ಟೆ, ಮೈಯೆಲ್ಲ ಒಲೆ ಶಾಖ. ಕಂಬಳಿ ಮೇಲೆ ಎಳ್ಕೊಂಡು ನಿದ್ದೆ ಹೋಗ್ಬಿಟ್ಳಂತೆ. ಜವರ ಬೂದಿ ಜರಡಿ ಹಿಡೀತಾ ಆ ಮೂಲೆ ತನಕ ಬಂದ, ಮಬ್ಬಲ್ಲಿ ಯಾವುದೋ ಕಂಬಳಿ ಗಂಟು ಅಂದ್ಕೊಂಡ, ಹಿಂದ್ಹಿಂದಕ್ಕೆ ನಡೀತಾ ಹೋಗಿ ಬಾಗಿಲು ಹಾಕ್ಕೊಂಡ.

ಆಮೇಲೆ ಮಂಚಿಗೆ ನಿದ್ದೆಯೋ ಎಚ್ಚರವೋ ತಿಳೀಲಿಲ್ವಂತೆ. ಬಾಗಿಲು ತೆಗೆದ ಸದ್ದಿಲ್ಲ, ಆದ್ರೂ ಯಾರೋ ಬಂದ್ರಂತೆ, ಹೊಗೆಸೊಪ್ಪು, ಎಲೆ ಅಡಿಕೆ ವಾಸನೆ ಬಂತಂತೆ. ಎಲೆ ಮುಂದೆ ನಿಂತ್ರು, ಬಹಳ ಹೊತ್ತು ನಿಂತ್ರು. ಆಮೇಲೆ ಕೂತ್ರು. ಬರೀ ವಸಡಲ್ಲಿ ಮೆಲ್ಲೋ ಸದ್ದು, ಮೊಸ ಮೊಸ, ಮೊಸ ಮೊಸ ಅಂತ. ಬದುಕಿದ್ದಾಗಿನದು, ಸತ್ತ ಮೇಲಿಂದು ಸೇರಿ ಆರೇಳು ವರ್ಷದ ಹಸಿವು ಕಣವ್ವ, ಎಷ್ಟು ಹೊತ್ತು ಉಂಡ್ರೋ. ಬೆರಳು ಚೀಪಿದ ಸದ್ದೂ ಕೇಳಿಸ್ತಂತೆ. ಆಮೇಲೆ ಹತ್ತಿರದಲ್ಲೇ ಒಂದು ದನಿ, ಯಾರ ಮಗಳವ್ವ ನೀನು, ಉಂಡ್ಯಾ ಅಂತ ಕೇಳ್ತಂತೆ. ಮಂಚಿ ಇಲ್ಲ ಅಂತ ತಲೆ ಆಡಿಸಿದ್ಳಂತೆ.

ಬಾಗಿಲು ತೆಗೆದ್ರು. ಎಲೆ ತೊಳೆದಿಟ್ಟ ಹಂಗೆ ಬರಿದಾಗಿತ್ತು. ಎಲ್ರೂ ಕೈ ಮುಗಿಯೋಕೆ ಹೋದ್ರೆ, ಮೂಲೇಲಿ ಕಂಬಳಿ ಮಿಸುಕ್ತಂತೆ. ನೋಡಿದ್ರೆ ಮಂಚಿ, ಕಟಬಾಯಲ್ಲಿ ಬೆಳ್ಳಗೆ ಕೆನೆ ಸಾರು. ಅಯ್ಯೋ ಹಾಳಾದೋಳೇ, ಅತ್ತೆ ಎಡೆ ನೀನೇ ನುಂಗಿದೆಯಲ್ಲೇ ಅಂತ ಲಕ್ಕಮ್ಮ ಎದೆ ಬಡ್ಕೊಂಡ್ಳು. ಮಂಚಿ ಎದ್ದು ಕೂತು ಬಾಯಿ ಮುಟ್ಟಿ ನೋಡ್ಕೊಂಡ್ಳು, ಸಾರು ಹೆಂಗೆ ಬಂತು ಅಂತ ಅವಳಿಗೂ ಗೊತ್ತಿಲ್ಲ. ನೆಲಮುಖ ಮಾಡ್ಕೊಂಡು ಇರ್ತಿದ್ದ ಸಿದ್ದ ಆವತ್ತು ಹೆಂಡ್ತಿ ಪರವಾಗಿ, ಯಾರೂ ಬೂದಿ ತುಳೀದ ಹಂಗೆ ಬಾಗಿಲಲ್ಲೇ ಎಲ್ರಿಗೂ ಅಡ್ಡ ನಿಂತು, ಅಣ್ಣಾ, ಬಯ್ಯೋ ಮುಂಚೆ ನೆಲ ನೋಡು ಅಂದನಂತೆ.

ಜವರ ದೀಪ ತಗೊಂಡು ಬಗ್ಗಿದ. ಮಂಚಿ ಕೂತ ಮೂಲೆಯಿಂದ ಎಲೆ ಕಡೆಗೆ ಒಂದು ಹೆಜ್ಜೇನೂ ಹೋಗಿರ್ಲಿಲ್ವಂತೆ. ಮುದಿ ಪಾದದ ಒಂದೇ ಜೊತೆ ಹೆಜ್ಜೆ, ಬಾಗಿಲಿಂದ ಎಲೆಗೆ, ಎಲೆಯಿಂದ ಮಂಚಿ ಮಲಗಿದ್ದ ತಾವಿಗೆ. ಅಲ್ಲಿ ಬೂದಿ ಮೇಲೆ ಎರಡು ದುಂಡನೆ ಗುರುತು, ಮೊಣಕಾಲೂರಿದ್ದು. ಆಮೇಲೆ ಹೆಜ್ಜೆ ಬಾಗಿಲಿಗೆ ವಾಪಸ್ಸು. ಜವರ ಆ ಎರಡು ಗುರುತಿನ ಪಕ್ಕ ಕುಸಿದು ಕೂತು ಅದನ್ನ ಮುಟ್ಟೋಕೂ ಆಗ್ದೆ ಕೈ ಮೇಲೇ ಹಿಡ್ಕೊಂಡಿದ್ನಂತೆ.

“ಅವ್ವ ಹಿಂಗೇ ಮೊಣಕಾಲೂರಿ ನಮಗೆ ತುತ್ತಿಕ್ತಿದ್ಲು ಕಣ್ರೋ,” ಅಂದನಂತೆ.

ಲಕ್ಕಮ್ಮ ತನ್ನ ಸೆರಗಲ್ಲೇ ಮಂಚಿ ಬಾಯಿ ಒರೆಸಿ, ಕೈ ಹಿಡಿದು ಎಲೆ ಮುಂದೆ ಕೂರಿಸಿ ಬಡಿಸಿದ್ಳಂತೆ. ಆ ವರ್ಷ ರಾಗಿ ತೆನೆ ಬಾಗಿ ಬಾಗಿ ಬಂತು, ಮಂಚಿ ಹೊಟ್ಟೇಲಿ ಒಂದು ಕೂಸೂ ಬಂತು, ಅದೂ ಹತ್ತು ತಿಂಗಳು ಕಳೆದು ಮೇಲೆ ಐದು ದಿನ ತಗೊಂಡು ನಿಧಾನವಾಗಿ ಹುಟ್ತಂತೆ. ಆವತ್ತಿಂದ ಆ ಮನೇಲಿ ಹಲ್ಲು ಬಿದ್ದೋರಿಗೆ, ಅವರು ಹಸಿವಿಲ್ಲ ಅಂದ್ರೂ ಬಿಡ್ದೆ, ಮೆತ್ತಗೆ ಬೇಯಿಸಿ ಮೊದಲು ಬಡಿಸ್ತಾರಂತೆ. ಮಡಕೆ ತೊಳೆದು ಬೋರಲು ಹಾಕಿದ್ರು, ಕತೆ ಮುಗೀತು.

ಮಲಗಿದ್ಯಾ? ಇನ್ನೂ ಇಲ್ವಾ? ಹಂಗಾದ್ರೆ ಕೇಳು, ನಾಳೆ ನಿಮ್ಮವ್ವ ಬಾಡು ಬೇಯಿಸೋವಾಗ ಒಂಚೂರು ಬೇಗ ಒಲೆ ಹಚ್ಚು ಅಂತ ನೀನೇ ಹೇಳು. ನಾನು ಹೇಳಿದ್ರೆ ಚೆನ್ನಾಗಿರಲ್ಲ.