ಅಳತೆಗೆ ಸಿಗದ ಬುದ್ಧಿಮಾತು

"ಎಂಟೇ ದಿನದಲ್ಲಿ ಕಪ್ತಾನರಿಗೆ ಇಂಗ್ಲಿಷ್ ಕಲಿಸಿಬಿಡುತ್ತೇನೆ, ಮಹಾಸ್ವಾಮಿ!"

ತುಂಬಿದ ಸಭೆಯಲ್ಲಿ ಹೀಗೆ ಎದೆ ತಟ್ಟಿಕೊಂಡವನು ನಾನೇ, ಅರಸರ ದುಭಾಷಿ, ಸಲಹೆಗಾರ, ಗಿರಿಯಣ್ಣ ಶ್ಯಾನುಭಾಗ. ನನಗೆ ಬರುತ್ತಿದ್ದ ಇಂಗ್ಲಿಷಾದರೂ ಎಷ್ಟು? ಬಂದರಿನಲ್ಲಿ ಒಬ್ಬ ನಾವಿಕನ ಜೊತೆ ಎರಡು ತಿಂಗಳು ಇಸ್ಪೀಟಾಡಿ ಕಲಿತಷ್ಟು.

ಕಪ್ತಾನ ದುವಾರ್ತೆ ಪೋರ್ಚುಗೀಸರವನು. ಅವನ ಭಾಷೆಯಲ್ಲಿ ರೊಟ್ಟಿ, ಸುದ್ದಿ, ಬುದ್ಧಿಮಾತು ಎಲ್ಲವನ್ನೂ ಒಂದು, ಎರಡು ಎಂದು ಎಣಿಸುತ್ತಾರೆ. ಇಂಗ್ಲಿಷರು ಎಣಿಸುವುದಿಲ್ಲ. ಇದು ನನಗೆ ನೆನಪಾದದ್ದು ಒಂಬತ್ತನೆಯ ದಿನ. ಅಷ್ಟರಲ್ಲಿ ಕಪ್ತಾನ ಇಂಗ್ಲಿಷರ ಹಡಗು ಹತ್ತಿ 'ಮೂರು ಬುದ್ಧಿಮಾತು ಕೊಡಿ' ಎಂದು ಅವರ ಭಾಷೆಯಲ್ಲೇ ಕೇಳಿ, ಅವರು ಬಿದ್ದು ಬಿದ್ದು ನಕ್ಕು, ಇವನು ಕೆಂಡವಾಗಿ ಆಸ್ಥಾನಕ್ಕೆ ಬಂದಾಗಿತ್ತು.

"ಬುದ್ಧಿಮಾತನ್ನು ಎಣಿಸಬಾರದಂತೆ! ನಿಮ್ಮ ದುಭಾಷಿ ನನ್ನ ಮಾನ ಕಳೆದ!"

ತಪ್ಪಾಯಿತು ಅನ್ನಬಹುದಿತ್ತು. ನನ್ನ ಜಂಭ ಬಿಡಬೇಕಲ್ಲ! "ಅದನ್ನು ಎಣಿಸಲು ಯಾರಿಂದಲೂ ಆಗದು, ಮಹಾಸ್ವಾಮಿ" ಅಂದೆ.

"ಯಾಕಾಗದು?" ಎಂದರು ಅರಸರು. "ಹನ್ನೆರಡು ವರ್ಷ ನನಗೆ ಬುದ್ಧಿ ಹೇಳಿಯೇ ಉಂಡಿದ್ದೀಯ. ಒಟ್ಟು ಎಷ್ಟು ಹೇಳಿದೆ, ನಾಳೆ ಸರಿಯಾಗಿ ಹೇಳು. ತಪ್ಪಿದರೆ ನಿನ್ನ ಪೇಟ ಬೇರೆಯವನ ತಲೆಗೆ."

ಪೇಟ ಹೋದರೆ ಮನೆಯಲ್ಲಿ ಒಲೆ ಉರಿಯುವುದಿಲ್ಲ.

ಮರುದಿನ ಒಂದು ಕೊಳಗದ ತುಂಬ ಅಕ್ಕಿ ಹೊತ್ತುಕೊಂಡು ಹೋಗಿ ಸಭೆಯ ನಡುವೆ ಇಟ್ಟೆ.

"ಕಪ್ತಾನರೆ, ಇದನ್ನು ಎಣಿಸಿ."

"ಒಂದು ಕೊಳಗ."

"ನೀವು ಎಣಿಸಿದ್ದು ಪಾತ್ರೆಯನ್ನು. ಅಕ್ಕಿ ಎಣಿಸಿ, ಸ್ವಾಮಿ."

ಕಪ್ತಾನ ಬಗ್ಗಿ ನೋಡಿದ. ಮೀಸೆ ಸವರಿಕೊಂಡ.

"ಸರಿಯಪ್ಪಾ, ಅಕ್ಕಿಗೆ ಕೊಳಗ" ಎಂದರು ಅರಸರು. "ಬುದ್ಧಿಮಾತಿಗೆ ಯಾವ ಪಾತ್ರೆ?"

"ಕೇಳಿದವರ ಕಿವಿ, ಮಹಾಸ್ವಾಮಿ. ಅದರೊಳಗೆ ನಿಂತದ್ದಕ್ಕೆ ಮಾತ್ರ ಲೆಕ್ಕ. ಚೆಲ್ಲಿಹೋದದ್ದಕ್ಕಿಲ್ಲ."

"ಹಾಗಾದರೆ ನನ್ನ ಕಿವಿಯಲ್ಲಿ ನಿಂತದ್ದೆಷ್ಟು?"

"ಯುದ್ಧ ಬೇಡವೆಂದೆ, ಹೋದಿರಿ. ಕುಂಟಾನೆ ಬೇಡವೆಂದೆ, ಕೊಂಡಿರಿ. ಇಲ್ಲಿಯವರೆಗೆ... ಒಂದೂ ಇಲ್ಲ."

ಅಯ್ಯೋ ನನ್ನ ಹಾಳು ನಾಲಿಗೆಯೇ ಅಂದುಕೊಂಡೆ.

"ಭಲಾ! ನಿನ್ನ ಕಿವಿಯಲ್ಲಿ ಎಷ್ಟು ನಿಂತಿದೆಯಯ್ಯಾ?"

"ನನ್ನದೂ ಖಾಲಿಯೇ, ಮಹಾಸ್ವಾಮಿ. 'ಬಾರದ ಭಾಷೆ ಕಲಿಸಲು ಹೋಗಬೇಡಿ' ಅಂತ ಹೆಂಡತಿ ಬಡಕೊಂಡಳು. ಅದೊಂದು ನಿಂತಿದ್ದರೂ ನನಗೆ ಈ ಗತಿ ಬರುತ್ತಿತ್ತೆ?"

ಅರಸರು ಸಿಂಹಾಸನ ಅಲುಗಾಡುವಂತೆ ನಕ್ಕರು.

"ಪೇಟ ನಿನ್ನ ತಲೆಯ ಮೇಲೇ ಇರಲಿ, ಗಿರಿಯಣ್ಣಾ. ಬುದ್ಧಿಮಾತು ಬೇಕಾದಾಗ ಮಾತ್ರ ನಿನ್ನ ಹೆಂಡತಿಗೆ ಹೇಳಿಕಳಿಸುತ್ತೇನೆ."