ಇಳಿಯದ ಕೈಗಳು

ಬಳ್ಳಾರಿ ಸೀಮೆಯ ಕರಿಬಂಡೆ ಹಟ್ಟಿಯಲ್ಲಿ ಅಲ್ಲಿನ ಪಾದ್ರಿ, ಪೂಜ್ಯ ಹನೋಕಪ್ಪ ಅಯ್ಯನವರು ವಾಸವಾಗಿದ್ದ ಮನೆಗೆ ಬಾಗಿಲಿರಲಿಲ್ಲ. ಕಲ್ಲುಕುಟಿಗರ ಆ ಹಟ್ಟಿಯಲ್ಲಿ ಎಷ್ಟೋ ಮನೆಗಳಿಗೆ ಚೌಕಟ್ಟು ನಿಲ್ಲಿಸಿಕೊಟ್ಟ ಅಯ್ಯನವರು ತಮ್ಮ ಮನೆಗೆ ಒಂದು ಗೋಣಿತಟ್ಟನ್ನು ಇಳಿಬಿಟ್ಟಿದ್ದರು, ಅಷ್ಟೆ. ಒಳಗೆ ಒಂದು ಚಾಪೆ, ಒಂದು ಮಣ್ಣಿನ ಗಡಿಗೆ, ಅಂಚು ಸವೆದ ಒಂದು ಸತ್ಯವೇದ. ಎಪ್ಪತ್ತನಾಲ್ಕನೆಯ ವಯಸ್ಸಿನಲ್ಲೂ ಬೆಳಿಗ್ಗೆ ಉಳಿ ಸುತ್ತಿಗೆ ಹಿಡಿದು ಎಲ್ಲರ ಜೊತೆ ಗಣಿಗೆ ಇಳಿಯುತ್ತಿದ್ದರು. ಸಂಜೆ ಮಕ್ಕಳಿಗೆ ಅಕ್ಷರ ತಿದ್ದಿಸುತ್ತಿದ್ದರು. ಭಾನುವಾರ ಹಟ್ಟಿಯ ಸಣ್ಣ ದೇವಾಲಯದಲ್ಲಿ ರೊಟ್ಟಿ ಮುರಿದು ಕರ್ತನ ಭೋಜನ ನಡೆಸುತ್ತಿದ್ದರು.

ಅವರ ಬೆನ್ನು ನೆಟ್ಟಗಿತ್ತು, ಕಾಲು ಗಟ್ಟಿಯಾಗಿತ್ತು. ಕತ್ತು ಮಾತ್ರ ಸದಾ ಬಾಗಿರುತ್ತಿತ್ತು, ತಲೆಯ ಮೇಲೆ ಹೊರೆ ಇದ್ದವರ ಹಾಗೆ. ನೋಡಿದವರು ಮುಪ್ಪು ಎಂದುಕೊಳ್ಳುತ್ತಿದ್ದರು. ಮೂವತ್ತರ ಪ್ರಾಯದಿಂದಲೂ ಅವರ ಕತ್ತು ಹಾಗೆಯೇ ಇತ್ತೆಂಬುದನ್ನು ಬಲ್ಲವರು ಹಟ್ಟಿಯ ಹಿರಿಯರು ಮಾತ್ರ.

ನಾನು ಹೇಳುತ್ತಿರುವುದು ಕ್ರೈಸ್ತ ಸಭೆಗಳು ಒಂದಾಗುವ ಹಿಂದಿನ ವರ್ಷದ ಮಾತು. ಬಿಷಪ್ಪರಿರುವ ಸಭೆ, ಬಿಷಪ್ಪರಿಲ್ಲದ ಮಿಶನ್ ಸಭೆಗಳು ಎಲ್ಲವೂ ಕೂಡಿ ಒಂದೇ ಸಭೆಯಾಗಬೇಕೆಂದು ಇಪ್ಪತ್ತೇಳು ವರ್ಷಗಳಿಂದ ಮಾತುಕತೆ ನಡೆದಿತ್ತು. ದೊಡ್ಡ ದೊಡ್ಡ ಓದು ಓದಿದವರು ಕುಳಿತು ಮಾತಾಡಿದರೂ ಒಂದು ಗಂಟು ಬಿಚ್ಚಿಕೊಳ್ಳಲಿಲ್ಲ. ಅಪೊಸ್ತಲರ ಕಾಲದಿಂದ ಕೈಯಿಂದ ಕೈಗೆ ಇಳಿದು ಬಂದ ಪಾದ್ರಿ ದೀಕ್ಷೆಯೇ ದೀಕ್ಷೆ, ಬಿಷಪ್ಪರು ತಲೆಯ ಮೇಲೆ ಕೈಯಿಟ್ಟವರೇ ರೊಟ್ಟಿ ಮುರಿಯಬೇಕು ಎಂದು ಬಿಷಪ್ಪರ ಸಭೆಯ ಅನೇಕರು ಹಟ ಹಿಡಿದಿದ್ದರು. ಹಾಗಾದರೆ ಮಿಶನ್ ಸಭೆಗಳ ಅಯ್ಯನವರುಗಳನ್ನು ಏನು ಮಾಡುವುದು? ಹಾಗೆಯೇ ಒಪ್ಪಿಕೊಳ್ಳುವುದೇ, ಮತ್ತೊಮ್ಮೆ ಮಂಡಿಯೂರಿಸಿ ದೀಕ್ಷೆ ಕೊಡುವುದೇ?

ಹಾಗೆ ಹಟ ಹಿಡಿದವರಲ್ಲಿ ರೆವರೆಂಡ್ ಆಲ್ಫ್ರೆಡ್ ಸತ್ಯಮಿತ್ರ ಎಂಬ ಪಾದ್ರಿಗಳೂ ಒಬ್ಬರು. ನಲವತ್ತು ವರ್ಷದ, ಪ್ರಾಮಾಣಿಕ, ಬಿಗುವಿನ ಮನುಷ್ಯ. ಬಳ್ಳಾರಿ ಕಡೆಯ ಅಯ್ಯನವರುಗಳ ದೀಕ್ಷೆಯನ್ನು ವಿಚಾರಿಸಿ ವರದಿ ಬರೆಯುವ ಕೆಲಸ ಅವರ ಪಾಲಿಗೆ ಬಂದಿತ್ತು. ಅವರ ಪಟ್ಟಿಯಲ್ಲಿ ಒಂದು ಸಾಲು ಹೀಗಿತ್ತು: ‘ಹನೋಕಪ್ಪ. ದೀಕ್ಷೆ, ಕರಿಬಂಡೆಯಲ್ಲಿ, ಪ್ಲೇಗಿನ ವರ್ಷ. ಸಾಕ್ಷಿ, ಯಾರೂ ಉಳಿದಿಲ್ಲ.’ ಆ ಸಾಲಿನ ಮೇಲೆ ಅವರೊಂದು ಗೀಟು ಎಳೆದರೆ ಅಯ್ಯನವರು ಮುಂದೆ ರೊಟ್ಟಿ ಮುಟ್ಟುವಂತಿರಲಿಲ್ಲ. ಅಷ್ಟೇ ಅಲ್ಲ, ನಲವತ್ತನಾಲ್ಕು ವರ್ಷ ಅವರ ಕೈಯಿಂದ ರೊಟ್ಟಿ ಉಂಡು ಕಣ್ಣುಮುಚ್ಚಿದವರೆಲ್ಲ ಬರೀ ರೊಟ್ಟಿ ಉಂಡರೆಂದು ಆಗುತ್ತಿತ್ತು.

ಸತ್ಯಮಿತ್ರರು ಒಂದು ಭಾನುವಾರ ಬೆಳಿಗ್ಗೆ ಹಟ್ಟಿಗೆ ನಡೆದು ಬಂದರು. ದೇವಾಲಯದ ಅಂಗಳವನ್ನು ರಾಹೇಲವ್ವ ಎಂಬ ವಿಧವೆ ಗುಡಿಸುತ್ತಿದ್ದರು. ಕೆಳಗಿನ ಗಣಿಯಿಂದ ಉಳಿ ಪೆಟ್ಟಿನ ಸದ್ದು ಒಂದೇ ಸಮನೆ ಬರುತ್ತಿತ್ತು.

“ಭಾನುವಾರವೂ ಗಣಿ ಕೆಲಸವೇನಮ್ಮಾ?” ಎಂದರು ಸತ್ಯಮಿತ್ರರು.

“ಇಲ್ರಿ ಸ್ವಾಮಿ. ಯಾರೂ ಇಳಿದಿಲ್ಲ.”

“ಸದ್ದು ಕೇಳುತ್ತಿದೆಯಲ್ಲ!”

“ಕೇಳ್ತೈತ್ರಿ” ಎಂದು ರಾಹೇಲವ್ವ ಮತ್ತೆ ಪೊರಕೆ ಆಡಿಸಿದರು.

ಸತ್ಯಮಿತ್ರರು ಗಣಿಯ ಅಂಚಿಗೆ ಹೋಗಿ ಬಗ್ಗಿ ನೋಡಿದರು. ತಳದಲ್ಲಿ ಕಪ್ಪು ನೀರು ಅಲುಗದೆ ನಿಂತಿತ್ತು. ಮೆಟ್ಟಿಲುಗಳ ಮೇಲೆ ಒಂದು ನರಪಿಳ್ಳೆಯೂ ಇರಲಿಲ್ಲ. ಅವರು ನೋಡುತ್ತಿದ್ದಷ್ಟು ಹೊತ್ತು ಸದ್ದು ನಿಂತಿತು. ತಿರುಗಿ ನಾಲ್ಕು ಹೆಜ್ಜೆ ಹಾಕುವಷ್ಟರಲ್ಲಿ ಮತ್ತೆ ಶುರುವಾಯಿತು.

ಆರಾಧನೆಯಲ್ಲಿ ಅವರು ಹಿಂದಿನ ಬೆಂಚಿನಲ್ಲಿ ಕುಳಿತರು. ಭೋಜನಕ್ಕೆ ಎದ್ದು ಹೋಗಲಿಲ್ಲ. ಅವರ ಮನಸ್ಸಾಕ್ಷಿ ಒಪ್ಪುವಂತಿರಲಿಲ್ಲ. ಹಟ್ಟಿಯವರು ಸಾಲಾಗಿ ಬಂದು ಮಂಡಿಯೂರಿ ರೊಟ್ಟಿ ತೆಗೆದುಕೊಂಡು ತಮ್ಮ ತಮ್ಮ ಜಾಗಕ್ಕೆ ಮರಳಿದರು. ಕೊನೆಯವರೂ ಎದ್ದು ಹೋದ ಮೇಲೆ ಅಯ್ಯನವರು ಬಟ್ಟಲನ್ನು ಮೇಜಿನ ಮೇಲೆ ಇಡಲಿಲ್ಲ. ಖಾಲಿ ನೆಲದ ಎದುರು ಬಾಗಿ ನಿಂತರು. ಒಬ್ಬರಿಗೆ ಕೊಡುವಷ್ಟು ಹೊತ್ತು ನಿಂತು, ಒಂದು ಹೆಜ್ಜೆ ಸರಿದರು. ಮತ್ತೆ ನಿಂತರು, ಮತ್ತೆ ಸರಿದರು. ಸತ್ಯಮಿತ್ರರು ತಮಗರಿವಿಲ್ಲದೆ ಎಣಿಸಿದರು. ಒಂಬತ್ತು ಸಲ. ಅಷ್ಟು ಹೊತ್ತೂ ಸಭೆಯಲ್ಲಿ ಯಾರೂ ಕೆಮ್ಮಲಿಲ್ಲ. ತಾಯಂದಿರು ಮಕ್ಕಳ ಬಾಯಿಗೆ ಸೆರಗು ಹಿಡಿದಿದ್ದರು. ಹೊರಗೆ ಉಳಿ ಪೆಟ್ಟು ನಿಂತಿತ್ತು.

ನಡು ಮಧ್ಯಾಹ್ನ ಸತ್ಯಮಿತ್ರರು ಪಟ್ಟಿ ಹಿಡಿದು ಅಯ್ಯನವರ ಬಳಿಗೆ ಹೋದರು. “ನಿಮಗೆ ದೀಕ್ಷೆಯಾದದ್ದು ಎಲ್ಲಿ?” ಎಂದು ಕೇಳಿದರು. ಅಯ್ಯನವರು ಎದ್ದು ನಡೆದರು. ರಾಹೇಲವ್ವ ನೀರಿನ ತಂಬಿಗೆ ಹಿಡಿದು ಹಿಂದೆ ಬಂದರು. ಗಣಿಯ ಆಚೆ ದಡದಲ್ಲಿ ಮಾಡು ಬಿದ್ದ ನಾಲ್ಕು ಗೋಡೆಗಳಿದ್ದವು. ಪ್ಲೇಗು ತಗುಲಿದವರನ್ನು ಅಂದು ಅಲ್ಲಿ ಇರಿಸಿದ್ದರು. ಬಿಸಿಲು ನೆತ್ತಿಯ ಮೇಲಿದ್ದರೂ ಒಳಗೆ ಹೆಜ್ಜೆ ಇಟ್ಟಾಗ ಸತ್ಯಮಿತ್ರರ ಅಂಗಾಲು ತಣ್ಣಗಾಯಿತು.

“ಯಾರು ಕೈಯಿಟ್ಟರು?”

“ಗಿದ್ಯೋನಪ್ಪ ಅಯ್ಯನವರು. ಇನ್ನೂ ಒಂಬತ್ತು ಜನ” ಎಂದರು ಅಯ್ಯನವರು. ಅದಕ್ಕಿಂತ ಹೆಚ್ಚು ಹೇಳುವ ಅಭ್ಯಾಸ ಅವರಿಗಿರಲಿಲ್ಲ. ಉಳಿದದ್ದನ್ನು ರಾಹೇಲವ್ವ ಹೇಳಿದರು. ಆಗ ಅವರು ಹತ್ತು ವರ್ಷದ ಹುಡುಗಿ. ಬಾಗಿಲಿಗೆ ಕಟ್ಟಿದ್ದ ಗರಿಯ ತಟ್ಟಿಯ ಸಂದಿಯಲ್ಲಿ ಕಣ್ಣಿಟ್ಟು ನೋಡಿದ್ದರು.

“ನಮ್ಮಲ್ಲಿ ಒಂದು ಪದ್ಧತಿ ಐತ್ರಿ ಸ್ವಾಮಿ. ದೊಡ್ಡ ಕಲ್ಲು ಎತ್ತೋವಾಗ ಇಡೀ ಹಟ್ಟಿ ಕೈ ಇಡಬೇಕು, ಮುದುಕರು, ಬಾಣಂತೇರು, ಎಲ್ಲಾರೂ. ಕಲ್ಲು ಜಾಗದಾಗ ಕೂತ ಮ್ಯಾಲೆ ಮೇಸ್ತ್ರಿ ‘ಬಿಡ್ರಿ’ ಅಂತಾನ. ಅಲ್ಲೀ ತನಕ ಯಾರೂ ಕೈ ತೆಗೆಯೋ ಹಂಗಿಲ್ಲ, ಚೇಳು ಕಡದ್ರೂ ತೆಗೆಯಂಗಿಲ್ಲ. ಗಿದ್ಯೋನಪ್ಪಯ್ಯನೋರಿಗೆ ಪ್ಲೇಗು ಬಡದಿತ್ತು. ‘ನಾ ಹೋದ್ರ ಈ ಮಂದಿಗೆ ರೊಟ್ಟಿ ಕೊಡೋರು ಯಾರು?’ ಅಂತ ಇವರನ್ನ ಕುಂಡ್ರಿಸಿ, ಹಿರೇರು ಕೈ ಇಡ್ರಿ ಅಂದ್ರು. ನಮ್ಮ ಮಂದಿಗೇನು ಗೊತ್ರಿ ಸಭೆಯ ಕಟ್ಟಳೆ? ಕಲ್ಲಿಗೆ ಇಟ್ಟಂಗ ಅಲ್ಲಿದ್ದೋರು ಎಲ್ಲಾರೂ ಇಟ್ರು.”

“ಹೆಂಗಸರೂ?”

“ನಾಕು ಮಂದಿ ಹೆಂಗಸರು.”

ಸತ್ಯಮಿತ್ರರಿಗೆ ನಗು ಬಂತು. “ಚೆನ್ನಾಯಿತು! ಬಿಷಪ್ಪರಿಲ್ಲ, ಕಾಗದವಿಲ್ಲ, ಮೇಲೆ ನಾಲ್ಕು ಜನ ಹೆಂಗಸರು. ಇದಕ್ಕೆ ದೀಕ್ಷೆ ಅಂತ ಹೆಸರು!”

“ನಗಬ್ಯಾಡ್ರಿ” ಎಂದರು ರಾಹೇಲವ್ವ. ಅವರ ದನಿ ಏರಲಿಲ್ಲ. “ಹೊತ್ತ ಕಲ್ಲು ಗಂಡಸಿನ ಕೈ ಯಾವುದು, ಹೆಂಗಸಿನ ಕೈ ಯಾವುದು ಅಂತ ಕೇಳ್ತೈತೇನ್ರಿ? ಪೂರಾ ಕೇಳ್ರಿ. ಪ್ರಾರ್ಥನೆ ಮುಗಿದಿರಲಿಲ್ಲ. ಆಮೆನ್ ಅನ್ನೋಕೆ ಮುಂಚೆ ಗಿದ್ಯೋನಪ್ಪಯ್ಯನೋರು ಕುಸಿದು ಹೋಗಿಬಿಟ್ರು. ಬಿಡ್ರಿ ಅನ್ನೋರೇ ಇಲ್ಲ, ಹೆಂಗ ಬಿಡ್ತಾರ? ಒಂಬತ್ತು ಮಂದೀನೂ ಕೈ ಇಟ್ಕಂಡೇ ನಿಂತ್ರು. ನಿಂತು ನಿಂತು ಒಬ್ಬೊಬ್ಬರೇ ಬಿದ್ರು. ಮೂರು ದಿನದಾಗ ಎಲ್ಲಾರೂ ಮಣ್ಣಿಗೆ ಹೋದ್ರು. ಇವರೊಬ್ಬರೇ ಉಳಿದ್ರು.”

ಸತ್ಯಮಿತ್ರರು ಕಟುಕರಲ್ಲ. ಅವರ ಮುಖದ ಮೇಲಿನ ನಗು ಹೋಯಿತು. ದನಿ ತಗ್ಗಿಸಿ ಕೇಳಿಕೊಂಡರು:

“ಅಯ್ಯನವರೇ, ಬಿಷಪ್ಪರ ಮುಂದೆ ಒಮ್ಮೆ ಮಂಡಿಯೂರಿಬಿಡಿ. ಅವರು ಕೈಯಿಡಲಿ. ನಿಮ್ಮ ಹೆಸರು ಪಟ್ಟಿಯಲ್ಲಿ ಉಳಿಯುತ್ತದೆ. ಇಲ್ಲದಿದ್ದರೆ ನಾನು ಗೀಟು ಎಳೆಯಲೇಬೇಕು.”

ಹನೋಕಪ್ಪ ಅಯ್ಯನವರು ಬಾಗಿದ ಕತ್ತಿನಲ್ಲೇ ಅವರನ್ನು ನೋಡಿದರು. “ಇಡಲಿ. ಆದರೆ ಮೊದಲಿನ ಕೈಗಳು ಇನ್ನೂ ಇಳಿದಿಲ್ಲ. ಅವುಗಳ ಮೇಲೆಯೇ ಇಡಬೇಕಾಗುತ್ತದೆ” ಎಂದರು.

ಮುದುಕರ ಭ್ರಮೆ ಎಂದುಕೊಂಡು ಸತ್ಯಮಿತ್ರರು ಪಟ್ಟಿಯನ್ನು ಮಡಿಚಿದರು. ಹೊರಡಲು ತಿರುಗಿದಾಗ ಅಯ್ಯನವರು ಅವರ ಮುಂದೆ ಮಂಡಿಯೂರಿದರು. ಮಗನ ವಯಸ್ಸಿನವರ ಮುಂದೆ! “ದಾರಿಗೆ ಹೊರಟಿದ್ದೀರಿ. ಆಶೀರ್ವದಿಸಿ ಹೋಗಿ” ಎಂದರು.

ಸತ್ಯಮಿತ್ರರಿಗೆ ಸಂಕೋಚವಾಯಿತು. ಬೇಡವೆನ್ನಲಾಗಲಿಲ್ಲ. ಬಲಗೈ ಚಾಚಿ ಆ ನರೆತ ತಲೆಯ ಮೇಲಿಡಲು ಹೋದರು.

ಕೈಗೆ ಕೂದಲು ಸಿಗಲಿಲ್ಲ. ತಲೆಗಿಂತ ನಾಲ್ಕು ಬೆರಳು ಮೇಲೆಯೇ ಅವರ ಅಂಗೈ ತಡೆದು ನಿಂತಿತು. ಕಣ್ಣಿಗೆ ಕಾಣುವಂಥದ್ದೇನೂ ಅಲ್ಲಿರಲಿಲ್ಲ. ಬಿಸಿಲಿತ್ತು, ಬಿಸಿಲಿನಲ್ಲಿ ತೇಲುವ ಕಲ್ಲುಪುಡಿಯಿತ್ತು. ಅಂಗೈಯ ಕೆಳಗೆ ಮಾತ್ರ ಇನ್ನೊಂದು ಕೈಯ ಹಿಂಬದಿ ಇತ್ತು. ತಣ್ಣಗಿನ, ಒರಟು ಕೈ. ಅದರಡಿಯಲ್ಲಿ ಇನ್ನೊಂದು, ಅದರ ಪಕ್ಕದಲ್ಲಿ ಬಳೆ ಇದ್ದ ಒಂದು ತೆಳ್ಳನೆಯ ಮಣಿಕಟ್ಟು. ಸತ್ಯಮಿತ್ರರು ಕೈ ಹಿಂದೆಗೆಯಲು ನೋಡಿದರು, ಆಗಲಿಲ್ಲ. ಎಲ್ಲಕ್ಕಿಂತ ಮೇಲಿನ ಕೈಯ ಬೆರಳುಗಳು ಅವರ ಬೆರಳಿಗೆ ತಾಕಿದವು. ಹೆಬ್ಬೆರಳು, ತೋರುಬೆರಳು, ನಡುಬೆರಳು. ಅಲ್ಲಿಗೆ ಮುಗಿಯಿತು. ಮುಂದೆ ಎರಡು ಬೆರಳುಗಳಿರಬೇಕಾದ ಕಡೆ ಗಂಟುಗಟ್ಟಿದ ಚರ್ಮವಿತ್ತು.

ಅವರು ಹಾಗೆಯೇ ಕತ್ತು ತಿರುಗಿಸಿ ಕೇಳಿದರು. “ರಾಹೇಲವ್ವಾ, ಅಂದು ಇಲ್ಲಿ ಎರಡು ಬೆರಳಿಲ್ಲದವರು ಯಾರಾದರೂ ಇದ್ದರೇ?”

ರಾಹೇಲವ್ವನ ಕೈಯಿಂದ ತಂಬಿಗೆ ಜಾರಿತು. “ನಮ್ಮಪ್ಪ, ಯಾಕೋಬಪ್ಪ. ಬಂಡೆ ಸಿಡಿಸೋವಾಗ ಮದ್ದಿಗೆ ಹೋಗಿದ್ವು. ನಿಮಗ್ಯಾರು ಹೇಳಿದ್ರಿ ಸ್ವಾಮಿ?”

ಸತ್ಯಮಿತ್ರರು ಅಯ್ಯನವರತ್ತ ಬಗ್ಗಿದರು. “ಅಯ್ಯನವರೇ, ಪಾಪ, ಇಷ್ಟು ವರ್ಷ! ನಾನು ಹೇಳಿಬಿಡಲೇ? ಆಮೆನ್ ಅನ್ನಲೇ?”

“ಈಗ ಬೇಡ” ಎಂದರು ಅಯ್ಯನವರು. “ಕಲ್ಲು ಇನ್ನೂ ಕೂತಿಲ್ಲ.”

ಅಂದು ಆ ಮುರುಕು ಗೋಡೆಯ ನೆರಳಿನಲ್ಲಿ ನಿಂತೇ ಸತ್ಯಮಿತ್ರರು ಪಟ್ಟಿ ಬಿಚ್ಚಿದರು. ‘ಸಾಕ್ಷಿ, ಯಾರೂ ಉಳಿದಿಲ್ಲ’ ಎಂಬ ಮಾತನ್ನು ಹೊಡೆದು ಹಾಕಿ, ಅದರ ಮೇಲೆ ತಮ್ಮ ಹೆಸರು ಬರೆದರು. ಆ ವರದಿಗೆ ಅವರು ಬೈಗುಳ ತಿಂದರು, ಸ್ನೇಹಿತರನ್ನೂ ಕಳೆದುಕೊಂಡರು. ಬರೆದದ್ದನ್ನು ಮಾತ್ರ ತಿದ್ದಲಿಲ್ಲ.

ಮರುವರ್ಷ ಸಭೆಗಳು ಒಂದಾದವು. ಆ ಬಳಿಕ ಬಂದ ಮೊದಲ ಭಾನುವಾರ ಸತ್ಯಮಿತ್ರರು ಯಾರೂ ಕರೆಯದಿದ್ದರೂ ಕರಿಬಂಡೆಗೆ ಬಂದರು. ಈ ಸಲ ಹಿಂದಿನ ಬೆಂಚಿನಲ್ಲಿ ಕೂರಲಿಲ್ಲ. ಹಟ್ಟಿಯವರ ಸಾಲಿನಲ್ಲಿ ಕೊನೆಯವರಾಗಿ ಮಂಡಿಯೂರಿ, ಹನೋಕಪ್ಪ ಅಯ್ಯನವರ ಒರಟು ಕೈಯಿಂದ ರೊಟ್ಟಿ ತೆಗೆದುಕೊಂಡರು. ಅಯ್ಯನವರು ಎಂದಿನಂತೆ ಖಾಲಿ ನೆಲದ ಮುಂದೆ ಒಂಬತ್ತು ಸಲ ನಿಂತರು. ಆಮೇಲೆ ಸತ್ಯಮಿತ್ರರ ಕಡೆಗೆ ತಿರುಗಿ, “ಕಲ್ಲು ಕೂತಿತು. ಈಗ ಹೇಳಿ” ಎಂದರು.

ಸತ್ಯಮಿತ್ರರು ಎದ್ದು ನಿಂತರು. “ಆಮೆನ್” ಎಂದರು. ಹಾಗೆಂದರೆ ಸಾಲದೆನಿಸಿ, ಕಲ್ಲುಕುಟಿಗರ ಮೇಸ್ತ್ರಿಯ ಹಾಗೆ ಗಟ್ಟಿಯಾಗಿ ಕೂಗಿದರು: “ಬಿಡ್ರೀ!”

ದೇವಾಲಯದ ಕಿಟಕಿಗಳು ಮುಚ್ಚಿದ್ದವು. ಆದರೂ ಮೇಜಿನ ಬಟ್ಟೆ ಒಮ್ಮೆ ಅಲುಗಿತು. ಅಯ್ಯನವರ ಕೂದಲಿನಿಂದ ಬಿಳಿಯ ಕಲ್ಲುಪುಡಿ ಸಣ್ಣಗೆ ಉದುರಿತು. ನಲವತ್ತೈದು ವರ್ಷದಿಂದ ಬಾಗಿದ್ದ ಕತ್ತು ನಿಧಾನವಾಗಿ ಎದ್ದಿತು. ಹಟ್ಟಿಯ ಮಕ್ಕಳು ಮೊದಲ ಬಾರಿಗೆ ಅವರ ಮುಖವನ್ನು ಪೂರ್ತಿಯಾಗಿ ಕಂಡರು. “ಹೋದ್ಯಾ ಯಪ್ಪಾ” ಎಂದು ರಾಹೇಲವ್ವ ಸೆರಗಿನಲ್ಲಿ ಮುಖ ಮುಚ್ಚಿಕೊಂಡರು. ಗಣಿಯ ಉಳಿ ಪೆಟ್ಟು ಆ ದಿನದಿಂದ ಯಾವ ಭಾನುವಾರವೂ ಕೇಳಿಬರಲಿಲ್ಲ.

ರೆವರೆಂಡ್ ಸತ್ಯಮಿತ್ರರು ಮುಂದೆ ಬಹುಕಾಲ ಸೇವೆ ಮಾಡಿದರು. ನಿಮಗೆ ದೀಕ್ಷೆ ಕೊಟ್ಟವರಾರು ಎಂದು ಯಾರಾದರೂ ಕೇಳಿದರೆ ಮೊದಲು ತಮ್ಮ ಬಿಷಪ್ಪರ ಹೆಸರು ಹೇಳುತ್ತಿದ್ದರು. ಬಳಿಕ, ಕೇಳಿದವರು ತಬ್ಬಿಬ್ಬಾದರೂ ಬಿಡದೆ, ಕರಿಬಂಡೆಯ ಒಂಬತ್ತು ಕಲ್ಲುಕುಟಿಗರ ಹೆಸರುಗಳನ್ನು ಒಂದೊಂದಾಗಿ ಹೇಳುತ್ತಿದ್ದರು. ಯಾಕೋಬಪ್ಪನವರ ಹೆಸರು ಬಂದಾಗ ಅವರ ಬಲಗೈಯ ಕೊನೆಯ ಎರಡು ಬೆರಳು ತಾವಾಗಿಯೇ ಮಡಿಚಿಕೊಳ್ಳುತ್ತಿದ್ದವು.